ಮೋಂಜಾ ಒಲ್ಲೆನೆಂದ ಚಾಲಕ

1956ರ ಸೆಪ್ಟೆಂಬರ್ 2ರಂದು ಇಟಲಿಯ ಮೋಂಜಾದಲ್ಲಿ ನಡೆದ ಗ್ರ್ಯಾಂಡ್ ಪ್ರಿಯನ್ನು ರೇಸಿಂಗ್ ಲೋಕ ನೆನೆಯುವುದು ಒಂದು ತ್ಯಾಗಕ್ಕಾಗಿ. ತಾನೇ ವಿಶ್ವ ಚಾಂಪಿಯನ್ ಆಗುವ ಅವಕಾಶ ಇನ್ನೂ ಉಳಿದಿದ್ದಾಗ ಪೀಟರ್ ಕಾಲಿನ್ಸ್ ತನ್ನ ಫೆರಾರಿಯಿಂದ ಇಳಿದು, ಕಾರು ಕೆಟ್ಟು ನಿಂತಿದ್ದ ತಂಡದ ಜೊತೆಗಾರ ಫಾಂಜಿಯೊಗೆ ಅದನ್ನು ಬಿಟ್ಟುಕೊಟ್ಟ. ಗೆದ್ದವನು ಸ್ಟರ್ಲಿಂಗ್ ಮಾಸ್, ಚಾಂಪಿಯನ್ ಆದವನು ಫಾಂಜಿಯೊ. ಈ ಸಡಗರದಲ್ಲಿ ಮೂರನೆಯವನಾಗಿ ಬಂದವನ ಕಡೆ ಹೆಚ್ಚು ಜನ ನೋಡಲಿಲ್ಲ. ಅವನು ರಾನ್ ಫ್ಲಾಕ್‌ಹಾರ್ಟ್. ಓಡಿಸಿದ್ದು ಇಂಗ್ಲೆಂಡಿನ ಸರ್ರೆಯ ಪುಟ್ಟ ಕಾರ್ಖಾನೆಯೊಂದು ಕಟ್ಟಿದ ಕಾನಾಟ್ ಕಾರು. ಅದೇ ತಂಡದ ಜ್ಯಾಕ್ ಫೇರ್‌ಮನ್ ಐದನೆಯವನಾದ. ಆದರೆ ಆ ವರ್ಷವಿಡೀ ಕಾನಾಟ್ ಕಾರನ್ನು ಫೇರ್‌ಮನ್‌ಗಿಂತ ವೇಗವಾಗಿ ಓಡಿಸಿದ್ದ ಚಾಲಕನೊಬ್ಬ ಅಂದು ಅಲ್ಲಿರಲಿಲ್ಲ. ಆಯೋಜಕರು ಅವನನ್ನು ಒಳಗೆ ಬಿಟ್ಟುಕೊಳ್ಳಲು ಒಪ್ಪಿರಲಿಲ್ಲ, ಏಕೆಂದರೆ ಅವನಿಗೆ ಬಲಗೈಯ ಹಸ್ತವಿರಲಿಲ್ಲ. ಅವನ ಹೆಸರು ಆರ್ಚಿ ಸ್ಕಾಟ್ ಬ್ರೌನ್. ವಿಶ್ವ ಚಾಂಪಿಯನ್‌ಷಿಪ್ಪಿನ ದಾಖಲೆಯಲ್ಲಿ ಅವನಿಗೆ ದಕ್ಕಿರುವುದು ಒಂದೇ ಸಾಲು: ಒಂದು ರೇಸ್, ಸೊನ್ನೆ ಅಂಕ. ಅದನ್ನು ಓದಿದವರು, ಬಂದು ಹೋದ ನೂರಾರು ಮಂದಿಯಲ್ಲಿ ಇವನೂ ಒಬ್ಬ ಎಂದುಕೊಂಡು ಪುಟ ತಿರುಗಿಸುತ್ತಾರೆ. ಆ ಸಾಲು ಅವನ ಚಾಲನೆಯ ಬಗ್ಗೆ ಹೇಳುವುದು ತೀರ ಕಡಿಮೆ. ಬಾಗಿಲಲ್ಲಿ ಕೂತು ಅವನನ್ನು ಬಿಡಬೇಕೋ ಬೇಡವೋ ಎಂದು ತೀರ್ಮಾನಿಸಿದವರ ಬಗ್ಗೆ ಹೇಳುವುದೇ ಹೆಚ್ಚು ಎಂಬುದು ನನ್ನ ವಾದ. ಅವರು ಪರೀಕ್ಷೆ ಮಾಡಿದ್ದು ತಪ್ಪಲ್ಲ, ಪರೀಕ್ಷಿಸಬೇಕಾದದ್ದನ್ನು ಬಿಟ್ಟು ಬೇರೊಂದನ್ನು ಪರೀಕ್ಷಿಸಿದ್ದು ತಪ್ಪು.

ಆರ್ಚಿ ಹುಟ್ಟಿದ್ದು 1927ರ ಮೇ 13ರಂದು, ಸ್ಕಾಟ್ಲೆಂಡಿನ ಪೇಸ್ಲಿಯಲ್ಲಿ. ತಾಯಿಗೆ ಬಸುರಿನಲ್ಲಿ ರುಬೆಲ್ಲಾ ತಗುಲಿತ್ತು ಎನ್ನುತ್ತಾರೆ. ಆ ಜ್ವರ ಹುಟ್ಟಲಿರುವ ಮಗುವಿಗೆ ಹಾನಿ ಮಾಡಬಲ್ಲದು ಎಂಬುದನ್ನು ಆಸ್ಟ್ರೇಲಿಯಾದ ಕಣ್ಣಿನ ವೈದ್ಯ ನಾರ್ಮನ್ ಗ್ರೆಗ್ ಮೊದಲ ಬಾರಿಗೆ ತೋರಿಸಿಕೊಟ್ಟದ್ದು 1941ರಲ್ಲಿ, ಅಂದರೆ ಈ ಹುಡುಗ ಶಾಲೆಯಲ್ಲಿ ಓದುತ್ತಿದ್ದಾಗ. ಮಗುವಿನ ಬಲಗೈ ಮುಂಗೈಯಲ್ಲೇ ಮೊಟಕಾಗಿತ್ತು. ಕಾಲುಗಳೂ ಪಾದಗಳೂ ತಿರುಚಿಕೊಂಡಿದ್ದವು. ಇಪ್ಪತ್ತಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆಗಳ ನಂತರ ಅವನು ಕಾಲ ಮೇಲೆ ನಿಂತ. ಎತ್ತರ ಮಾತ್ರ ಐದು ಅಡಿಯ ಆಸುಪಾಸಿನಲ್ಲೇ ಉಳಿಯಿತು. ತಂದೆ ಮೋಟಾರು ಹುಚ್ಚಿನ ಮನುಷ್ಯ. ಹುಲ್ಲು ಕತ್ತರಿಸುವ ಯಂತ್ರದ ಎಂಜಿನ್ ಹಾಕಿ ಮಗನಿಗೊಂದು ಪುಟಾಣಿ ಕಾರು ಮಾಡಿಕೊಟ್ಟ. ನಡೆಯುವುದೇ ಕಷ್ಟವಾಗಿದ್ದ ಹುಡುಗನಿಗೆ ಇತರ ಮಕ್ಕಳಿಗಿಂತ ವೇಗವಾಗಿ ಹೋಗಬಹುದಾದ ಜಾಗ ಅದೊಂದೇ ಆಗಿತ್ತು ಎಂಬುದನ್ನು ಊಹಿಸಲು ಮನಃಶಾಸ್ತ್ರಜ್ಞರೇ ಬೇಕಿಲ್ಲ. ದೊಡ್ಡವನಾದ ಮೇಲೆ ತಂಬಾಕು ಕಂಪನಿಯ ಮಾರಾಟ ಪ್ರತಿನಿಧಿಯಾಗಿ ಕೇಂಬ್ರಿಜ್ ಸುತ್ತಮುತ್ತ ಕಾರಿನಲ್ಲಿ ಅಲೆಯುವ ಕೆಲಸಕ್ಕೆ ಸೇರಿದ. 1951ರಲ್ಲಿ ಒಂದು ಎಂಜಿ ಸ್ಪೋರ್ಟ್ಸ್ ಕಾರು ತಂದು ಸಣ್ಣಪುಟ್ಟ ಕ್ಲಬ್ ರೇಸುಗಳಿಗೆ ಇಳಿದ. ಆ ಕಾಲದ ಇಂಗ್ಲೆಂಡಿನಲ್ಲಿ ರೇಸಿಂಗ್ ಶುರುವಾಗುತ್ತಿದ್ದದ್ದೇ ಹಾಗೆ. ಯುದ್ಧ ಮುಗಿದು ಖಾಲಿ ಬಿದ್ದಿದ್ದ ವಿಮಾನ ನಿಲ್ದಾಣಗಳ ರನ್‌ವೇ, ಸುತ್ತುರಸ್ತೆಗಳೇ ಟ್ರ್ಯಾಕು. ಸಿಲ್ವರ್‌ಸ್ಟೋನ್, ಗುಡ್‌ವುಡ್, ಸ್ನೆಟರ್ಟನ್ ಎಲ್ಲವೂ ಹೀಗೆ ಹುಟ್ಟಿದವು.

ಒಂದೇ ಹಸ್ತದಲ್ಲಿ ರೇಸ್ ಕಾರು ಓಡಿಸುವುದು ಹೇಗೆ ಸಾಧ್ಯ ಎಂಬ ಪ್ರಶ್ನೆ ಯಾರಿಗಾದರೂ ಬರುತ್ತದೆ. ಇದಕ್ಕೆ ಉತ್ತರ ಸಿಗಬೇಕಾದರೆ ಆ ಕಾಲದ ಕಾರುಗಳ ಒಳಗೆ ಸ್ವಲ್ಪ ಇಣುಕಬೇಕು. ಬ್ರಿಟಿಷ್ ಕಾರುಗಳಲ್ಲಿ ಚಾಲಕ ಬಲಗಡೆ ಕೂರುತ್ತಿದ್ದ, ಗೇರಿನ ಕೋಲು ಅವನ ಎಡಕ್ಕಿತ್ತು. ಗೇರ್ ಬದಲಿಸುವಾಗ ಎಷ್ಟೇ ಆರೋಗ್ಯವಂತ ಚಾಲಕನಾದರೂ ಎಡಗೈ ತೆಗೆದು ಬಲಗೈ ಒಂದರಲ್ಲೇ ಸ್ಟಿಯರಿಂಗ್ ಹಿಡಿಯಬೇಕಿತ್ತು. ಆರ್ಚಿ ಆ ಕ್ಷಣದಲ್ಲಿ ಮೊಟಕು ಬಲಗೈಯನ್ನು ಚಕ್ರಕ್ಕೆ ಒತ್ತಿ ಹಿಡಿಯುತ್ತಿದ್ದ, ಉಳಿದ ಹೊತ್ತಿನಲ್ಲಿ ಎಡಗೈ ಮುಖ್ಯ ಕೆಲಸ ಮಾಡುತ್ತಿತ್ತು. ಒಂದು ವೇಳೆ ಅವನ ಎಡಗೈ ಇಲ್ಲದೆ ಬಲಗೈ ಇದ್ದಿದ್ದರೆ ಅದೇ ಕಾರು ಅವನಿಗೆ ಬಹುಶಃ ಅಸಾಧ್ಯವಾಗುತ್ತಿತ್ತು. ಇನ್ನೂ ಮುಖ್ಯವಾದ ಸಂಗತಿಯೊಂದಿದೆ. ಐವತ್ತರ ದಶಕದ ಟೈರುಗಳು ಕಿರಿದು, ಅವುಗಳ ಹಿಡಿತ ಕಡಿಮೆ. ತಿರುವಿನಲ್ಲಿ ಕಾರು ಹಳಿಯ ಮೇಲಿನ ಬಂಡಿಯ ಹಾಗೆ ಹೋಗುತ್ತಿರಲಿಲ್ಲ, ನಾಲ್ಕೂ ಚಕ್ರ ಅಷ್ಟಿಷ್ಟು ಜಾರುತ್ತಲೇ ಸಾಗುತ್ತಿತ್ತು. ಆ ಜಾರುವಿಕೆಯನ್ನು ಅಂಕೆಯಲ್ಲಿಡುವುದು ತೋಳ್ಬಲದ ಕೆಲಸವಲ್ಲ. ಹಿಂಭಾಗ ಎಷ್ಟು ಸರಿಯಿತು ಎಂಬುದನ್ನು ಚಾಲಕ ಮೊದಲು ತಿಳಿಯುವುದು ಆಸನದ ಮೂಲಕ, ಬೆನ್ನಿನ ಮೂಲಕ. ತಿದ್ದುವುದು ಸ್ಟಿಯರಿಂಗಿನ ಕೊಂಚ ತಿರುವಿನಿಂದ ಎಷ್ಟೋ, ಆಕ್ಸಿಲರೇಟರ್ ಮೇಲಿನ ಪಾದದಿಂದಲೂ ಅಷ್ಟೇ. ಈ ಅರಿವಿನಲ್ಲಿ ಆರ್ಚಿಗೆ ಕೊರತೆ ಇರಲಿಲ್ಲ. ಇತರರು ಕಾರು ಕೈತಪ್ಪಿತು ಎಂದು ಭಾವಿಸುವಷ್ಟು ಕೋನದಲ್ಲಿ ಜಾರಿಸುತ್ತ ತಿರುವು ದಾಟುವುದೇ ಅವನ ಶೈಲಿಯಾಗಿತ್ತು, ಜನ ಅವನನ್ನು ನೋಡಲು ಬರುತ್ತಿದ್ದದ್ದೂ ಅದಕ್ಕೇ. ಹಾಗೆ ಜಾರಿಸುವುದು ಟೈರಿಗೆ ಒಳ್ಳೆಯದಲ್ಲ, ಹೊತ್ತು ಕೂಡ ಸ್ವಲ್ಪ ಹಾಳು ಎಂದು ಶಾಸ್ತ್ರೀಯ ಚಾಲನೆಯ ಪಕ್ಷದವರು ಟೀಕಿಸಬಹುದು, ಅದು ನ್ಯಾಯವೇ. ಆದರೆ ಅದು ಶೈಲಿಯ ಮೇಲಿನ ಟೀಕೆ, ಯಾವ ಚಾಲಕನ ಬಗ್ಗೆಯೂ ಮಾಡಬಹುದಾದ ಟೀಕೆ.

ಅವನ ಬದುಕು ತಿರುಗಿದ್ದು ಬ್ರಯಾನ್ ಲಿಸ್ಟರ್ ಸಿಕ್ಕ ಮೇಲೆ. ಕೇಂಬ್ರಿಜ್‌ನಲ್ಲಿ ಕುಟುಂಬದ ಕಬ್ಬಿಣದ ಕೆಲಸದ ಕಾರ್ಖಾನೆ ನೋಡಿಕೊಳ್ಳುತ್ತಿದ್ದ ಲಿಸ್ಟರ್‌ಗೂ ರೇಸಿನ ಆಸೆಯಿತ್ತು, ಜಾನ್ ಟೊಜೀರೊ ಕಟ್ಟಿದ ಒಂದು ಕಾರೂ ಇತ್ತು. ಅದನ್ನು ಆರ್ಚಿ ಓಡಿಸಿದಾಗ ಬಂದ ವೇಗವನ್ನು ನೋಡಿ ಲಿಸ್ಟರ್ ತಾನು ಚಾಲಕನಾಗುವ ಕನಸನ್ನು ಕೈಬಿಟ್ಟ. ಇವನಿಗಾಗಿ ಕಾರು ಕಟ್ಟುವುದೇ ಮೇಲು ಎಂದು ನಿರ್ಧರಿಸಿದ. 1954ರಲ್ಲಿ ಲಿಸ್ಟರ್ ಹೆಸರಿನ ಮೊದಲ ಕಾರು ಎಂಜಿ ಎಂಜಿನ್ನಿನೊಂದಿಗೆ ಹೊರಬಂತು. ಇದನ್ನು ಗಮನದಲ್ಲಿಡಬೇಕು. ಈತನ ಚಾಲನೆಯನ್ನು ಹತ್ತಿರದಿಂದ ಕಂಡ, ಕೈಯಲ್ಲಿ ಸ್ಟಾಪ್‌ವಾಚ್ ಹಿಡಿದಿದ್ದ, ತನ್ನ ಹಣವನ್ನೇ ಪಣಕ್ಕೊಡ್ಡಬೇಕಿದ್ದ ವ್ಯಕ್ತಿ ಕೊಟ್ಟ ತೀರ್ಪು ಇದು. ಅದೇ ವರ್ಷದ ಏಪ್ರಿಲ್‌ನಲ್ಲಿ ಔಲ್ಟನ್ ಪಾರ್ಕಿನಲ್ಲಿ ಬ್ರಿಟಿಷ್ ಎಂಪೈರ್ ಟ್ರೋಫಿಗೆಂದು ಬಂದಾಗ ಇನ್ನೊಂದು ಬಗೆಯ ತೀರ್ಪು ಬಂತು. ದೈಹಿಕವಾಗಿ ಅನರ್ಹ ಎಂದು ರೇಸಿನ ಅಧಿಕಾರಿಗಳಾದ ಸ್ಟೀವರ್ಡ್‌ಗಳು ಅವನನ್ನು ತಡೆದರು, ಲೈಸೆನ್ಸ್ ಕೈತಪ್ಪಿತು. ಮೂರು ವರ್ಷದಿಂದ ಆತ ಅದೇ ಕೈಯಲ್ಲಿ, ಅದೇ ಜನರ ಕಣ್ಣೆದುರು ರೇಸ್ ಓಡಿಸುತ್ತಲೇ ಬಂದಿದ್ದ. ಕೈ ಆ ಬೆಳಗ್ಗೆ ಹೊಸದಾಗಿ ಮೊಟಕಾಗಿರಲಿಲ್ಲ. ಬದಲಾಗಿದ್ದದ್ದು ಒಂದೇ, ಕ್ಲಬ್ ಮಟ್ಟ ದಾಟಿ ಗೆಲ್ಲುವ ಸಾಧ್ಯತೆಯುಳ್ಳ ಕಾರಿನಲ್ಲಿ ದೊಡ್ಡ ರೇಸಿಗೆ ಆತ ಬಂದಿದ್ದ. ಕೆಲವು ತಿಂಗಳ ನಂತರ, ಬೆಂಬಲಿಗರ ಒತ್ತಾಯದ ಮೇಲೆ ಲೈಸೆನ್ಸ್ ಮರಳಿ ಬಂತು. ಜುಲೈನಲ್ಲಿ ಸಿಲ್ವರ್‌ಸ್ಟೋನ್‌ನಲ್ಲಿ ಬ್ರಿಟಿಷ್ ಗ್ರ್ಯಾಂಡ್ ಪ್ರಿಯ ಜೊತೆಗೆ ನಡೆದ ಸ್ಪೋರ್ಟ್ಸ್ ಕಾರ್ ರೇಸಿನಲ್ಲಿ, ಬ್ರಿಸ್ಟಲ್ ಎಂಜಿನ್ ಹೊತ್ತ ಹೊಸ ಲಿಸ್ಟರ್‌ನಲ್ಲಿ ಎರಡು ಲೀಟರ್ ವರ್ಗ ಗೆದ್ದ. ಮರುವರ್ಷ, 1955ರಲ್ಲಿ, ಯಾವ ಟ್ರೋಫಿಯಿಂದ ಅವನನ್ನು ಹೊರಗಟ್ಟಿದ್ದರೋ ಅದೇ ಬ್ರಿಟಿಷ್ ಎಂಪೈರ್ ಟ್ರೋಫಿಯನ್ನು, ಅದೇ ಔಲ್ಟನ್ ಪಾರ್ಕಿನಲ್ಲಿ ಗೆದ್ದುಕೊಂಡ.

ಇಲ್ಲಿ ಅಧಿಕಾರಿಗಳ ಪರ ನಿಂತು ಕೇಳಬೇಕಾದ ಪ್ರಶ್ನೆಯೂ ಇದೆ, ಅದು ಹಗುರವಾದದ್ದಲ್ಲ. ರೇಸ್ ಎಂಬುದು ಒಬ್ಬನೇ ಪರ್ವತ ಹತ್ತುವಂಥ ಸಾಹಸವಲ್ಲ. ಪಕ್ಕದಲ್ಲಿ ಇತರ ಚಾಲಕರಿರುತ್ತಾರೆ, ರಸ್ತೆಯಂಚಿನಲ್ಲಿ ಜನರಿರುತ್ತಾರೆ. ನನ್ನ ಪ್ರಾಣ ನನ್ನಿಷ್ಟ ಎಂಬ ಮಾತು ಅಲ್ಲಿ ಸಲ್ಲದು. 1955ರ ಜೂನ್ 11ರಂದು ಲ ಮಾನ್‌ನಲ್ಲಿ ಪಿಯೆರ್ ಲೆವೆಯ ಮರ್ಸಿಡಿಸ್ ಮುಂದಿನ ಕಾರಿಗೆ ಬಡಿದು ಪ್ರೇಕ್ಷಕರ ನಡುವೆ ಸಿಡಿದು ಬಿದ್ದಾಗ ಎಂಬತ್ತಕ್ಕೂ ಹೆಚ್ಚು ಮಂದಿ ಸತ್ತರು. ಸ್ವಿಟ್ಜರ್ಲೆಂಡ್ ಸರ್ಕ್ಯೂಟ್ ರೇಸಿಂಗನ್ನೇ ನಿಷೇಧಿಸಿತು. ಹಲವೆಡೆ ರೇಸುಗಳು ರದ್ದಾದವು. ಅಂಥ ಹೊತ್ತಿನಲ್ಲಿ ಒಬ್ಬ ಆಯೋಜಕ, ನಾಳೆ ಏನಾದರೂ ಆದರೆ ಒಂದು ಕೈಯವನನ್ನು ಯಾಕೆ ಬಿಟ್ಟಿರಿ ಎಂದು ಜಗತ್ತು ನನ್ನನ್ನೇ ಕೇಳುತ್ತದೆ ಎಂದು ಹೆದರಿದರೆ, ಅವನನ್ನು ದುಷ್ಟನೆನ್ನಲಾಗದು. ನಾನು ಒಪ್ಪದಿರುವುದು ಆ ಭಯವನ್ನಲ್ಲ, ಅದರಿಂದ ತೆಗೆದ ತೀರ್ಮಾನವನ್ನು. ಒಬ್ಬ ಚಾಲಕ ಅಪಾಯಕಾರಿಯೋ ಅಲ್ಲವೋ ಎಂದು ತಿಳಿಯಲು ಸಾಕ್ಷ್ಯ ಸಿಗುವ ಸ್ಥಳವೊಂದಿದೆ. ಎಷ್ಟು ರೇಸ್ ಓಡಿದ, ಎಷ್ಟು ಸಲ ಇತರರಿಗೆ ಗುದ್ದಿದ, ಮಳೆಯಲ್ಲಿ, ದಟ್ಟಣೆಯಲ್ಲಿ, ಬ್ರೇಕ್ ಕೈಕೊಟ್ಟಾಗ ಹೇಗೆ ನಡೆದುಕೊಂಡ ಎಂಬ ದಾಖಲೆ ಅದು. ಲೆವೆಗೆ ಆಗ 49 ವರ್ಷ, ಎರಡೂ ಕೈ ಚೆನ್ನಾಗಿದ್ದವು. ಆ ದುರಂತಕ್ಕೂ ಚಾಲಕರ ಅಂಗಾಂಗಕ್ಕೂ ಸಂಬಂಧವಿರಲಿಲ್ಲ. ಪಿಟ್ ಮುಂದಿನ ಕಿರಿದಾದ ರಸ್ತೆ, ಜನರನ್ನು ಕಾಯದ ಮಣ್ಣಿನ ದಿಬ್ಬ, ಕಾರುಗಳ ನಡುವಿನ ವೇಗದ ಅಂತರ, ಇವು ಕಾರಣ. ರಸ್ತೆಯನ್ನು ಅಗಲ ಮಾಡಲು, ತಡೆಗೋಡೆ ಕಟ್ಟಲು ಹಣ ಬೇಕು. ಒಬ್ಬ ಚಾಲಕನ ಅರ್ಜಿ ತಿರಸ್ಕರಿಸಲು ಒಂದು ಕಾಗದ ಸಾಕು. ಸುರಕ್ಷತೆಯ ಹೆಸರಿನಲ್ಲಿ ಎಲ್ಲಕ್ಕಿಂತ ಅಗ್ಗದ ಕೆಲಸವನ್ನು ಮೊದಲು ಮಾಡುವುದು ಆಡಳಿತಗಳ ಹಳೆಯ ಚಾಳಿ.

1956ರಲ್ಲಿ ಕಾನಾಟ್ ತಂಡ ಅವನನ್ನು ತನ್ನ ಗ್ರ್ಯಾಂಡ್ ಪ್ರಿ ಚಾಲಕನಾಗಿ ತೆಗೆದುಕೊಂಡಿತು. ಈ ತಂಡ ಸಾಮಾನ್ಯದ್ದಲ್ಲ. ಹಿಂದಿನ ವರ್ಷ ಸಿಸಿಲಿಯ ಸಿರಾಕ್ಯೂಸ್‌ನಲ್ಲಿ ಟೋನಿ ಬ್ರೂಕ್ಸ್ ಇದೇ ಕಾರಿನಲ್ಲಿ ಗೆದ್ದು, 1924ರ ನಂತರ ಬ್ರಿಟಿಷ್ ಕಾರಿನಲ್ಲಿ ಗ್ರ್ಯಾಂಡ್ ಪ್ರಿ ಗೆದ್ದ ಮೊದಲ ಬ್ರಿಟಿಷ್ ಚಾಲಕನಾಗಿದ್ದ. ಆದರೆ ಕಾರಿಗೆ ಶಕ್ತಿ ಕಡಿಮೆ, ತಂಡಕ್ಕೆ ಹಣ ಇನ್ನೂ ಕಡಿಮೆ. ಈಸ್ಟರ್ ಹೊತ್ತಿನಲ್ಲಿ ಗುಡ್‌ವುಡ್‌ನಲ್ಲಿ ಆರ್ಚಿ ಈ ಕಾರನ್ನು ಮುಂದಕ್ಕೊಯ್ದು, ಮಸೆರಾಟಿಯಲ್ಲಿದ್ದ ಮಾಸ್‌ನನ್ನು ಹಿಂದೆ ಇಟ್ಟುಕೊಂಡು ರೇಸನ್ನು ಮುನ್ನಡೆಸಿದ. ಕೊನೆಗೆ ಕಾರು ಕೈಕೊಟ್ಟಿತು, ಚಾಲಕನಲ್ಲ. ಸಿಲ್ವರ್‌ಸ್ಟೋನ್‌ನ ಇಂಟರ್‌ನ್ಯಾಷನಲ್ ಟ್ರೋಫಿಯಲ್ಲಿ ವ್ಯಾನ್‌ವಾಲ್ ಕಾರಿನಲ್ಲಿದ್ದ ಮಾಸ್‌ನ ಹಿಂದೆ ಎರಡನೆಯವನಾದ. ಜುಲೈ 14ರಂದು ಬಂತು ಅವನ ಬದುಕಿನ ಏಕೈಕ ವಿಶ್ವ ಚಾಂಪಿಯನ್‌ಷಿಪ್ ರೇಸ್, ಬ್ರಿಟಿಷ್ ಗ್ರ್ಯಾಂಡ್ ಪ್ರಿ. ಅಭ್ಯಾಸದಲ್ಲಿ ತನ್ನ ಇಬ್ಬರು ಸಹಚಾಲಕರಿಗಿಂತ ವೇಗವಾಗಿ ಓಡಿಸಿ ಹತ್ತನೆಯ ಸ್ಥಾನದಿಂದ ಹೊರಟ. 16ನೆಯ ಸುತ್ತಿನಲ್ಲಿ ಕಾರಿನ ಚಕ್ರವೇ ಕಳಚಿತು. ಫೇರ್‌ಮನ್ ತೀರ ಹಿಂದಿನ ಸಾಲಿನಿಂದ ಹೊರಟು ನಿಧಾನವಾಗಿ, ಎಚ್ಚರದಿಂದ ಓಡಿಸಿ ನಾಲ್ಕನೆಯವನಾದ, ಅಂಕ ಪಡೆದ. ದಾಖಲೆ ಪುಸ್ತಕದ ಆ ಸೊನ್ನೆ ಬಂದದ್ದು ಹೀಗೆ.

ಮೋಂಜಾದ ನಿರಾಕರಣೆ ಅರ್ಥವಾಗಬೇಕಾದರೆ ಅಂದಿನ ಗ್ರ್ಯಾಂಡ್ ಪ್ರಿ ಹೇಗೆ ನಡೆಯುತ್ತಿತ್ತು ಎಂದು ತಿಳಿದಿರಬೇಕು. ಇಂದಿನ ಹಾಗೆ ವರ್ಷವಿಡೀ ಓಡುವ ನಿಗದಿತ ತಂಡಗಳ, ಒಂದೇ ಒಪ್ಪಂದದ ವ್ಯವಸ್ಥೆ ಆಗ ಇರಲಿಲ್ಲ. ಪ್ರತಿ ರೇಸಿನ ಆಯೋಜಕರೂ ತಮಗೆ ಬೇಕಾದವರನ್ನು ಕರೆಯುತ್ತಿದ್ದರು, ಬೇಡದವರನ್ನು ಬಿಡುತ್ತಿದ್ದರು. ಬಂದವರಿಗೆ ಹೊರಡುವುದಕ್ಕೇ ಇಷ್ಟು ಎಂದು ಹಣ ಕೊಡುತ್ತಿದ್ದರು. ಕಾನಾಟ್‌ನಂಥ ಬಡ ತಂಡ ಉಸಿರಾಡುತ್ತಿದ್ದದ್ದು ಯುರೋಪಿನ ರೇಸುಗಳ ಈ ಹಣದಿಂದ. ಹೀಗಾಗಿ ಒಬ್ಬ ಆಯೋಜಕ ಆರ್ಚಿಯನ್ನು ಬೇಡವೆಂದರೆ ನಷ್ಟ ಅವನೊಬ್ಬನದಾಗಿರಲಿಲ್ಲ. ಅವನನ್ನು ಆರಿಸಿದ ತಂಡ, ಯುರೋಪಿಗೆ ಹೋಗುವಾಗಲೆಲ್ಲ ಇನ್ನೊಬ್ಬ ಚಾಲಕನನ್ನು ಹುಡುಕಬೇಕಿತ್ತು. ಲೈಸೆನ್ಸ್ ಕೊಟ್ಟದ್ದು ಬ್ರಿಟನ್ನಿನ ರಾಯಲ್ ಆಟೊಮೊಬೈಲ್ ಕ್ಲಬ್. ಆದರೆ ಗಡಿಯಾಚೆ ಆ ಲೈಸೆನ್ಸಿಗೆ ಬೆಲೆ ಇದೆಯೋ ಇಲ್ಲವೋ ಎಂಬುದು ಆಯಾ ಊರಿನ ಮೇಜಿನ ಹಿಂದೆ ಕೂತವನ ಮರ್ಜಿಗೆ ಬಿಟ್ಟದ್ದು. ಹೀಗೆ, ಮೂರನೆಯ ಸ್ಥಾನಕ್ಕೆ ಬರಬಲ್ಲ ಕಾರು ಮೋಂಜಾಕ್ಕೆ ಹೋಯಿತು, ಆರ್ಚಿ ಹೋಗಲಿಲ್ಲ. ಅವನಿದ್ದಿದ್ದರೆ ಅವನೇ ಮೂರನೆಯವನಾಗುತ್ತಿದ್ದ ಎಂದು ನಾನು ಹೇಳುತ್ತಿಲ್ಲ. ಫ್ಲಾಕ್‌ಹಾರ್ಟ್ ಗಟ್ಟಿಗ, ಆ ದಿನ ಮುಂದಿದ್ದವರ ಟೈರು, ಎಂಜಿನ್ನುಗಳು ಒಂದೊಂದಾಗಿ ಕೈಕೊಟ್ಟು ಹಿಂದಿದ್ದವರಿಗೆ ದಾರಿಯಾಯಿತು. ಅವನ ದಾಖಲೆ ಖಾಲಿ ಇರುವುದಕ್ಕೆ ಕಾರಣ ಅವನು ಸೋತದ್ದಲ್ಲ, ಹಾಜರಿ ಹಾಕಿಸಿಕೊಳ್ಳಲಾಗದ್ದು ಎಂದಷ್ಟೇ ನನ್ನ ಮಾತು. ಅದೇ ಅಕ್ಟೋಬರ್‌ನಲ್ಲಿ ಬ್ರಿಟನ್ನಿನ ಬ್ರ್ಯಾಂಡ್ಸ್ ಹ್ಯಾಚ್‌ನಲ್ಲಿ ನಡೆದ ಫಾರ್ಮುಲಾ ಒನ್ ರೇಸನ್ನು ಕಾನಾಟ್‌ನಲ್ಲೇ ಗೆದ್ದ. ಅದು ಚಾಂಪಿಯನ್‌ಷಿಪ್ ರೇಸಲ್ಲವಾದ್ದರಿಂದ ಆ ಒಂದು ಸಾಲಿನೊಳಗೆ ಅದಕ್ಕೆ ಜಾಗವಿಲ್ಲ. ಮರುವರ್ಷ ಕಾನಾಟ್ ಹಣವಿಲ್ಲದೆ ಬಾಗಿಲು ಮುಚ್ಚಿತು.

1957 ಅವನ ಅತ್ಯುತ್ತಮ ವರ್ಷ, ಅವನ ವಿರುದ್ಧದ ಅತ್ಯುತ್ತಮ ಆಕ್ಷೇಪಕ್ಕೆ ಅವಕಾಶ ಕೊಟ್ಟ ವರ್ಷವೂ ಹೌದು. ಬ್ರಯಾನ್ ಲಿಸ್ಟರ್ ಹಗುರವಾದ ಚೌಕಟ್ಟಿಗೆ ಜಾಗ್ವಾರ್‌ನ ದೊಡ್ಡ ಎಂಜಿನ್ ಕೂರಿಸಿದ. ಆ ಕಾರಿನಲ್ಲಿ ಆರ್ಚಿ ಆ ಋತುವಿನಲ್ಲಿ ಭಾಗವಹಿಸಿದ 14 ರೇಸುಗಳಲ್ಲಿ 11 ಗೆದ್ದ. ಬ್ರಿಟಿಷ್ ಎಂಪೈರ್ ಟ್ರೋಫಿ ಎರಡನೆಯ ಸಲ ಅವನದಾಯಿತು, ಆಸ್ಟನ್ ಮಾರ್ಟಿನ್ ಕಂಪನಿಯ ಅಧಿಕೃತ ತಂಡದ ರಾಯ್ ಸಾಲ್ವಡೋರಿಯಂಥವರನ್ನು ಹಿಂದೆ ಹಾಕಿ. ಗೆದ್ದದ್ದು ಕಾರು, ಚಾಲಕನಲ್ಲ ಎಂಬುದು ಆಕ್ಷೇಪ. ಅಷ್ಟು ಹಗುರದ ಕಾರಿನಲ್ಲಿ ಅಷ್ಟು ಶಕ್ತಿಯಿದ್ದರೆ ಯಾರು ತಾನೇ ಗೆಲ್ಲುವುದಿಲ್ಲ? ಇದರಲ್ಲಿ ಅರ್ಧ ಸತ್ಯವಿದೆ. 1958ರಲ್ಲಿ ಲಿಸ್ಟರ್-ಜಾಗ್ವಾರ್ ಇತರ ತಂಡಗಳ ಕೈಗೂ ಬಂದಾಗ, ಮೇ ತಿಂಗಳಲ್ಲಿ ಸಿಲ್ವರ್‌ಸ್ಟೋನ್‌ನಲ್ಲಿ ಇಕುರಿ ಇಕಾಸ್ ತಂಡದ ಅಮೆರಿಕನ್ ಚಾಲಕ ಮ್ಯಾಸ್ಟನ್ ಗ್ರೆಗರಿ ಅದೇ ಬಗೆಯ ಕಾರಿನಲ್ಲಿ ಆರ್ಚಿಯನ್ನು ಸೋಲಿಸಿದ. ಅವನ ಅಭಿಮಾನಿಗಳು ಇದನ್ನು ಮೆಲ್ಲಗೆ ದಾಟಿಹೋಗುತ್ತಾರೆ, ಹಾಗೆ ದಾಟಬಾರದು. ಆದರೆ ಇದೇ ಸೋಲು ಇನ್ನೊಂದನ್ನೂ ತೋರಿಸುತ್ತದೆ. ಗ್ರೆಗರಿ 1957ರಲ್ಲಿ ತನ್ನ ಮೊದಲ ಗ್ರ್ಯಾಂಡ್ ಪ್ರಿಯಲ್ಲೇ, ಮೊನಾಕೊದಲ್ಲಿ, ಮೂರನೆಯವನಾಗಿದ್ದವನು. ಅಂಥವನು ಸೋಲಿಸಿದ್ದು ಸುದ್ದಿಯಾಗುವಷ್ಟು ಎತ್ತರದಲ್ಲಿ ಆರ್ಚಿ ಇದ್ದ. ಇನ್ನು ಕಾರಿನ ವಿಷಯ. ಲಿಸ್ಟರ್ ಕಾರುಗಳು ಅಂಗಡಿಯಲ್ಲಿ ಸಿಕ್ಕಿ ಅವನ ಪಾಲಿಗೆ ಬಂದವಲ್ಲ. ನಾಲ್ಕು ವರ್ಷ ಅವನು ಓಡಿಸಿ, ಹೀಗಾಗುತ್ತಿದೆ ಹಾಗಾಗುತ್ತಿದೆ ಎಂದು ಹೇಳಿ, ಅವನ ಮಾತಿನಂತೆ ತಿದ್ದಿಸಿಕೊಂಡು ಬೆಳೆದವು. ಒಳ್ಳೆಯ ಕಾರಿನಿಂದಾಗಿ ಗೆದ್ದ ಎನ್ನುವವರು, ಕಾರು ಒಳ್ಳೆಯದಾದದ್ದು ಹೇಗೆ ಎಂಬುದನ್ನೂ ಕೇಳಬೇಕು.

ಇನ್ನೊಂದು ಆಕ್ಷೇಪಕ್ಕೆ ನನ್ನಲ್ಲಿ ಪೂರ್ತಿ ಉತ್ತರವಿಲ್ಲ. ಅವನ ಗೆಲುವುಗಳೆಲ್ಲ ಹೆಚ್ಚುಕಡಿಮೆ ಬ್ರಿಟನ್ನಿನ ಸರ್ಕ್ಯೂಟುಗಳವು, ಕಡಿಮೆ ದೂರದವು. ಲ ಮಾನ್‌ನ 24 ಗಂಟೆಯಲ್ಲಿ, ನೂರ್ಬರ್ಗ್‌ರಿಂಗ್‌ನ ಬೆಟ್ಟದ ರಸ್ತೆಯಲ್ಲಿ ಆ ಕೈಕಾಲುಗಳು ತಡೆದುಕೊಳ್ಳುತ್ತಿದ್ದವೇ? ತಡೆಯುತ್ತಿದ್ದವು ಎನ್ನಲು ಸಾಕ್ಷ್ಯವಿಲ್ಲ. ತಡೆಯುತ್ತಿರಲಿಲ್ಲ ಎನ್ನಲೂ ಇಲ್ಲ. ಯಾವ ಬಾಗಿಲು ಮುಚ್ಚಿತ್ತೋ ಅದರಾಚೆಗೆ ಏನು ಮಾಡಿದ್ದಾನೆ ತೋರಿಸು ಎಂದು ಕೇಳುವುದು ಮಾತ್ರ ನ್ಯಾಯವಲ್ಲ. ತೆರೆದ ಕಡೆ ಅವನು ಹೋದ. 1958ರ ಆರಂಭದಲ್ಲಿ ನ್ಯೂಜಿಲೆಂಡಿನಲ್ಲಿ ಲೇಡಿ ವಿಗ್ರಾಂ ಟ್ರೋಫಿ ಗೆದ್ದ. ಮಾರ್ಚ್‌ನಲ್ಲಿ ಅಮೆರಿಕದ ಸೀಬ್ರಿಂಗ್ 12 ಗಂಟೆಯ ರೇಸಿಗೆ ಇಳಿದ. ಅಲ್ಲಿ ಆರಂಭದಲ್ಲೇ ಎಂಜಿನ್ ಕೆಟ್ಟು ಕಾರು ನಿಧಾನವಾದಾಗ ಒಲಿವಿಯೆ ಜಾಂದಬಿಯೆನ ಫೆರಾರಿ ಹಿಂದಿನಿಂದ ಬಂದು ಅವನ ಕಾರಿನ ಮೇಲೇರಿತು. ಒಂದು ಕೈಯವನು ಇತರರಿಗೆ ಅಪಾಯ ಎಂಬ ವಾದಕ್ಕೆ ಇದಕ್ಕಿಂತ ವ್ಯಂಗ್ಯದ ಉತ್ತರ ಬೇಕಿಲ್ಲ.

ಹೀಗಿರುವಾಗ ಬಂದದ್ದು ಸ್ಪಾ. ಬೆಲ್ಜಿಯಂನ ಸ್ಪಾ-ಫ್ರಾಂಕರ್‌ಶಾಂ ಆಗ 14 ಕಿಲೋಮೀಟರು ಉದ್ದದ ಸಾರ್ವಜನಿಕ ರಸ್ತೆ. ಕಾಡು, ತೋಟ, ಮನೆಗಳ ಪಕ್ಕದಲ್ಲೇ ಹಾಯುವ, ಒಂದು ಮೂಲೆಯಲ್ಲಿ ಬಿಸಿಲಿದ್ದರೆ ಇನ್ನೊಂದು ಮೂಲೆಯಲ್ಲಿ ಮಳೆ ಬರುವ, ಯುರೋಪಿನ ಅತಿ ವೇಗದ ಸರ್ಕ್ಯೂಟುಗಳಲ್ಲಿ ಒಂದು. 1958ರ ಮೇ 18ರಂದು ಇಲ್ಲಿನ ಸ್ಪೋರ್ಟ್ಸ್ ಕಾರ್ ರೇಸಿನಲ್ಲಿ ಆರ್ಚಿ ಮತ್ತು ಗ್ರೆಗರಿ, ಇಬ್ಬರೂ ಲಿಸ್ಟರ್-ಜಾಗ್ವಾರ್‌ಗಳಲ್ಲಿ, ಮೊದಲ ಸುತ್ತಿನಿಂದಲೇ ಪರಸ್ಪರ ದಾಟುತ್ತ, ದಾಟಿಸಿಕೊಳ್ಳುತ್ತ ಓಡಿದರು. ಕ್ಲಬ್‌ಹೌಸ್ ತಿರುವಿನ ಬಳಿ ಆಗಷ್ಟೇ ಒಂದು ಹನಿ ಮಳೆ ಬಿದ್ದಿತ್ತು. ಆರ್ಚಿಯ ಕಾರು ಒದ್ದೆ ನೆಲದಲ್ಲಿ ಜಾರಿತು. ಮುಂದಿನ ಬಲ ಚಕ್ರ ರಸ್ತೆಬದಿಯ ಫಲಕಕ್ಕೆ ಬಡಿದು ಸ್ಟಿಯರಿಂಗಿನ ಕೊಂಡಿ ಮುರಿಯಿತು, ಕಾರು ರಸ್ತೆ ಬಿಟ್ಟು ಉರುಳಿ ಹೊತ್ತಿಕೊಂಡಿತು. ಅದರ ಮೈ ಮೆಗ್ನೀಸಿಯಂ ಮಿಶ್ರಲೋಹದ್ದು, ಹತ್ತಿದರೆ ಆರದ ಬೆಂಕಿ. ಮರುದಿನ, 31 ತುಂಬಿ ವಾರ ಕಳೆಯುವ ಮೊದಲೇ, ಅವನು ಆಸ್ಪತ್ರೆಯಲ್ಲಿ ತೀರಿಕೊಂಡ. ರೇಸನ್ನು ಗ್ರೆಗರಿ ಗೆದ್ದ. ಅಂದು ಹಿಂದೆಲ್ಲೋ, ಹೊರದೇಶದ ತನ್ನ ಮೊದಲ ರೇಸಿನಲ್ಲಿ, ಜಿಮ್ ಕ್ಲಾರ್ಕ್ ಎಂಬ ಸ್ಕಾಟ್ಲೆಂಡಿನ ಯುವ ರೈತನೊಬ್ಬ ಜಾಗ್ವಾರ್ ಓಡಿಸುತ್ತಿದ್ದ. ಸ್ಪಾದ ಬಗ್ಗೆ ಆ ದಿನ ಹುಟ್ಟಿದ ದ್ವೇಷ ಕ್ಲಾರ್ಕ್‌ನಲ್ಲಿ ಕೊನೆಯವರೆಗೂ ಉಳಿಯಿತು. ಆದರೂ 1962ರಿಂದ 1965ರವರೆಗೆ ಸ್ಪಾದ ಗ್ರ್ಯಾಂಡ್ ಪ್ರಿಯನ್ನು ಸತತ ನಾಲ್ಕು ಸಲ ಗೆದ್ದವನು ಅವನೇ.

ನೋಡಿ, ಅಧಿಕಾರಿಗಳು ಹೇಳಿದ್ದೇ ಸರಿಯಾಯಿತಲ್ಲ ಎಂದು ಯಾರಾದರೂ ಅನ್ನಬಹುದು, ಅಂದದ್ದೂ ಉಂಟು. ಇಂಥ ವಾದದ ಬಲ ಅದರ ನಾಟಕೀಯತೆಯಲ್ಲಿದೆ, ಲೆಕ್ಕದಲ್ಲಿಲ್ಲ. ಅದೇ ತಿರುವಿನಲ್ಲಿ, ಅದೇ ಬಗೆಯ ಮಳೆಯಲ್ಲಿ, 1939ರ ಜೂನ್‌ನಲ್ಲಿ ಮರ್ಸಿಡಿಸ್ ತಂಡದ ರಿಚರ್ಡ್ ಸೀಮನ್ ರೇಸನ್ನು ಮುನ್ನಡೆಸುತ್ತಿದ್ದಾಗಲೇ ಜಾರಿ, ಮರಕ್ಕೆ ಬಡಿದು, ಸುಟ್ಟು ಸತ್ತಿದ್ದ. ಅವನ ಕೈಕಾಲು ನೆಟ್ಟಗಿದ್ದವು. 1958ರ ಋತುವನ್ನೇ ತೆಗೆದುಕೊಳ್ಳಿ. ಜುಲೈನಲ್ಲಿ ರೀಮ್ಸ್‌ನಲ್ಲಿ ಲೂಯಿಜಿ ಮುಸ್ಸೊ, ಆಗಸ್ಟ್‌ನಲ್ಲಿ ನೂರ್ಬರ್ಗ್‌ರಿಂಗ್‌ನಲ್ಲಿ ಪೀಟರ್ ಕಾಲಿನ್ಸ್, ಅಕ್ಟೋಬರ್‌ನಲ್ಲಿ ಮೊರಾಕ್ಕೊದ ರೇಸಿನಲ್ಲಿ ಸುಟ್ಟುಕೊಂಡು ಸ್ಟುವರ್ಟ್ ಲೂಯಿಸ್-ಇವಾನ್ಸ್ ಸತ್ತರು. ಮೂವರಿಗೂ ಎರಡೂ ಕೈ ನೆಟ್ಟಗಿದ್ದವು. ಮುಸ್ಸೊ ಸತ್ತಾಗ ಎರಡು ಕೈಯವರು ಇದನ್ನು ಓಡಿಸಬಾರದಿತ್ತು ಎಂದು ಯಾರೂ ಹೇಳಲಿಲ್ಲ. ಆರ್ಚಿಯ ಸಾವು ಮಾತ್ರ ಅವನ ದೇಹದ ಲೆಕ್ಕಕ್ಕೆ ಬರೆಯಲ್ಪಟ್ಟಿತು. ಒದ್ದೆ ನೆಲದಲ್ಲಿ, ಆ ವೇಗದಲ್ಲಿ, ಎರಡು ಹಸ್ತವಿದ್ದಿದ್ದರೆ ಆ ಕಾರನ್ನು ತಿದ್ದಬಹುದಿತ್ತೇ? ಯಾರೂ ಪ್ರಮಾಣ ಮಾಡಿ ಹೇಳಲಾರರು. ಆದರೆ ಕೊಂಡಿ ಮುರಿದ ಮೇಲೆ ಸ್ಟಿಯರಿಂಗ್ ಚಕ್ರ ಎಷ್ಟು ಕೈಗಳಿಗೂ ಮಾತು ಕೇಳುವುದಿಲ್ಲ.

ದೇಹವನ್ನು ನೋಡಿ ಲೈಸೆನ್ಸ್ ಕೊಡುವ ಪದ್ಧತಿ ಏನು ಮಾಡುತ್ತದೆ ಎಂಬುದಕ್ಕೆ ಇನ್ನೊಂದು ಉದಾಹರಣೆ ಎರಡೇ ವರ್ಷದಲ್ಲಿ ಸಿಕ್ಕಿತು. ಲೋಟಸ್ ತಂಡದ ಅಲನ್ ಸ್ಟೇಸಿಗೆ ಬಲ ಮೊಣಕಾಲಿನ ಕೆಳಗೆ ಕೃತಕ ಕಾಲು ಇತ್ತು. ಅವನ ಕಾರಿನ ಗೇರ್ ಕೋಲಿಗೆ ಮೋಟಾರ್ ಸೈಕಲ್ಲಿನ ಹಾಗೆ ತಿರುಚುವ ಆಕ್ಸಿಲರೇಟರ್ ಹಾಕಿಕೊಟ್ಟಿದ್ದರು. ವೈದ್ಯಕೀಯ ಪರೀಕ್ಷೆಯಲ್ಲಿ ಮೊಣಕಾಲು ತಟ್ಟಿ ನೋಡುವಾಗ ಗೆಳೆಯರು ವೈದ್ಯರ ಗಮನ ಬೇರೆಡೆ ಸೆಳೆದು, ಒಳ್ಳೆಯ ಕಾಲನ್ನೇ ಎರಡು ಸಲ ತಟ್ಟಿಸಿಕೊಳ್ಳುವಂತೆ ನೋಡಿಕೊಳ್ಳುತ್ತಿದ್ದರು ಎಂಬ ಕಥೆ ರೇಸಿಂಗ್ ವಲಯದಲ್ಲಿ ಇಂದಿಗೂ ನಗೆಯೊಂದಿಗೆ ಹೇಳಲ್ಪಡುತ್ತದೆ. ನಕ್ಕ ಮೇಲೆ ಯೋಚಿಸಬೇಕು. ಕಾಣುವ ಕೊರತೆಯಿದ್ದ ಆರ್ಚಿ ತಡೆಯಲ್ಪಟ್ಟ, ಪ್ಯಾಂಟಿನೊಳಗೆ ಮುಚ್ಚಿಡಬಹುದಾದ ಕೊರತೆಯಿದ್ದ ಸ್ಟೇಸಿ ನುಸುಳಿಕೊಂಡ. ಇಬ್ಬರಲ್ಲಿ ಯಾರ ಚಾಲನೆಯನ್ನೂ ಆ ಪದ್ಧತಿ ಪರೀಕ್ಷಿಸಲಿಲ್ಲ. ನಿಜ ಹೇಳಿದರೆ ಹೊರಗೆ, ಮುಚ್ಚಿಟ್ಟರೆ ಒಳಗೆ ಎಂಬ ನಿಯಮದಿಂದ ಯಾರ ಸುರಕ್ಷತೆಯೂ ಹೆಚ್ಚುವುದಿಲ್ಲ. 1960ರ ಜೂನ್ 19ರಂದು, ಅದೇ ಸ್ಪಾದಲ್ಲಿ, ಸ್ಟೇಸಿ ಸತ್ತ. ಮುಖಕ್ಕೆ ಹಕ್ಕಿಯೊಂದು ಬಡಿದಿತ್ತು. ಕಾಲಿಗೂ ಅದಕ್ಕೂ ಏನೇನೂ ಸಂಬಂಧವಿರಲಿಲ್ಲ.

ಆರ್ಚಿಯ ಅಭಿಮಾನಿಗಳ ಮೇಲೂ ನನಗೊಂದು ದೂರು ಇದೆ. ಅವನ ಬಗ್ಗೆ ಬರೆದವರಲ್ಲಿ ಹೆಚ್ಚಿನವರು ಕೈಯಿಂದ ಶುರುಮಾಡಿ ಕೈಯಲ್ಲೇ ಮುಗಿಸುತ್ತಾರೆ. ಇಷ್ಟೆಲ್ಲ ಕೊರತೆಯಿದ್ದೂ ಎಷ್ಟು ಧೈರ್ಯ, ಎಷ್ಟು ನಗುಮುಖ ಎಂಬ ಹೊಗಳಿಕೆ. ಇದು ಸ್ಟೀವರ್ಡ್‌ಗಳು ಮಾಡಿದ ತಪ್ಪಿನ ಇನ್ನೊಂದು ಮಗ್ಗುಲು. ಅವರು ಕೈ ನೋಡಿ ಬೇಡವೆಂದರು, ಇವರು ಕೈ ನೋಡಿ ಕೈಮುಗಿಯುತ್ತಾರೆ. ಗುಡ್‌ವುಡ್‌ನಲ್ಲಿ ಮಾಸ್‌ನನ್ನು ಹಿಂದೆ ಇಟ್ಟುಕೊಂಡು ಓಡಿಸಿದ ಆ ಸುತ್ತುಗಳನ್ನು ನೋಡುವವರು ಎರಡೂ ಕಡೆ ಕಡಿಮೆ. ನನ್ನ ಅಂದಾಜಿನಲ್ಲಿ ಆರ್ಚಿ ಫಾಂಜಿಯೊ, ಮಾಸ್‌ರ ಸಾಲಿನವನಲ್ಲ. ಆ ಸಾಲಿನ ಕೆಳಗೆ, ಫ್ಲಾಕ್‌ಹಾರ್ಟ್, ಸಾಲ್ವಡೋರಿಗಳ ಜೊತೆ ಸಮನಾಗಿ, ತನ್ನ ದಿನದಂದು ಅವರಿಗಿಂತ ಒಂದು ಹೆಜ್ಜೆ ಮುಂದೆ ನಿಲ್ಲುವವನು. ಅವನಿಗಾಗಿಯೇ ಕಾರು ಕಟ್ಟಲು ಹೊರಟಿದ್ದ ಲಿಸ್ಟರ್ ಅವನ ಸಾವಿನ ನಂತರ ಬಿಟ್ಟುಬಿಡುವ ಮನಸ್ಸು ಮಾಡಿ, ಒಪ್ಪಂದಗಳಿದ್ದವೆಂದು ಒಂದು ವರ್ಷ ಮುಂದುವರಿಸಿದ. 1959ರಲ್ಲಿ ತಂಡದ ಚಾಲಕ ಐವರ್ ಬ್ಯೂಬ್ ಬೇರೊಂದು ಕಾರಿನಲ್ಲಿ ಅಪಘಾತವಾಗಿ ತೀರಿಕೊಂಡ ಮೇಲೆ ರೇಸಿಂಗ್ ನಿಲ್ಲಿಸಿದ.

ಈಗ ಏನಾದರೂ ಬದಲಾಗಿದೆಯೇ ಎಂದರೆ, ಆಗಿದೆ. ಬದಲಾದದ್ದು ಸರಿಯಾದ ಜಾಗದಲ್ಲೇ. 2001ರಲ್ಲಿ ಜರ್ಮನಿಯ ಲೌಸಿಟ್ಜ್‌ರಿಂಗ್‌ನಲ್ಲಿ ಎರಡೂ ಕಾಲು ಕಳೆದುಕೊಂಡ ಅಲೆಸ್ಸಾಂದ್ರೊ ಜನಾರ್ಡಿ, ತನಗಾಗಿ ಮಾರ್ಪಡಿಸಿದ ಬಿಎಂಡಬ್ಲ್ಯುನಲ್ಲಿ 2005ರಲ್ಲಿ ವಿಶ್ವ ಟೂರಿಂಗ್ ಕಾರ್ ಚಾಂಪಿಯನ್‌ಷಿಪ್ಪಿನ ರೇಸ್ ಗೆದ್ದ. 2011ರ ರ್‍ಯಾಲಿ ಅಪಘಾತದಲ್ಲಿ ಬಲಗೈ ತೀವ್ರವಾಗಿ ಜಖಂಗೊಂಡ ಪೋಲೆಂಡಿನ ರಾಬರ್ಟ್ ಕುಬಿತ್ಸ 2019ರಲ್ಲಿ ಫಾರ್ಮುಲಾ ಒನ್‌ಗೆ ಮರಳಿ ಒಂದು ಅಂಕ ಗಳಿಸಿದ, 2025ರಲ್ಲಿ ಲ ಮಾನ್ 24 ಗಂಟೆಯ ರೇಸನ್ನು ಇಬ್ಬರು ಜೊತೆಗಾರರೊಂದಿಗೆ ಗೆದ್ದ. 2017ರಲ್ಲಿ ಬ್ರಿಟನ್ನಿನ ಹದಿಹರೆಯದ ಬಿಲ್ಲಿ ಮಾಂಗರ್ ಎರಡೂ ಕಾಲು ಕಳೆದುಕೊಂಡಾಗ, ಅಂಥ ಚಾಲಕರು ಕೈಯಿಂದ ನಿಯಂತ್ರಿಸುವ ಉಪಕರಣಗಳೊಂದಿಗೆ ಒಂಟಿ ಆಸನದ ರೇಸ್ ಕಾರು ಓಡಿಸುವುದನ್ನು ಅಂತರರಾಷ್ಟ್ರೀಯ ನಿಯಮ ಒಪ್ಪುತ್ತಿರಲಿಲ್ಲ. ಮನವಿ ಹೋಯಿತು, ನಿಯಮ ತಿದ್ದಲ್ಪಟ್ಟಿತು. ಈಗ ಫಾರ್ಮುಲಾ ಒನ್ ಚಾಲಕ ಯಾರೇ ಇರಲಿ, ನಿಗದಿತ ಸೆಕೆಂಡುಗಳೊಳಗೆ ಕಾಕ್‌ಪಿಟ್ಟಿನಿಂದ ಹೊರಬಂದು ತೋರಿಸಬೇಕು. ಬೆಂಕಿ ಹತ್ತಿದರೆ ಹೊರಬರಬಲ್ಲನೇ ಎಂಬುದನ್ನು ಗಡಿಯಾರ ಹಿಡಿದು ನೋಡುತ್ತಾರೆ, ಎರಡು ಕೈಯವನಿಗೂ ಅದೇ ಗಡಿಯಾರ. ಮಾಂಗರ್ 2018ರಲ್ಲಿ ಬ್ರಿಟಿಷ್ ಫಾರ್ಮುಲಾ ತ್ರೀ ರೇಸುಗಳಿಗೆ ಮರಳಿದ, 2019ರಲ್ಲಿ ಫ್ರಾನ್ಸಿನ ಪೋ ಗ್ರ್ಯಾಂಡ್ ಪ್ರಿಯನ್ನು ಗೆದ್ದ.